ಸ್ಟೋರಣ್ಣನ ಸ್ಟಿಕ್ಕು

ಕಳೆದ ವಾರ ಕುರ್ಚಿಯ ಕಾಲು ಸರಿ ಮಾಡಿಸಲು ಇಲ್ಲಿ ಒಮಾನ್‌ನಲ್ಲಿ, ಅಲ್ ಮವಾಲೇಹ್ ಬಡಾವಣೆಯ ಬಡಗಿ ಅಂಗಡಿಗೆ ಹೋಗಿದ್ದೆ. ಬಾಗಿಲಲ್ಲೇ ಅಗಸೆ ಎಣ್ಣೆಯ ವಾಸನೆ ಬಂತು. ಬಡಗಿ ಹಳೆಯ ಬನಿಯನ್ ತುಂಡನ್ನು ಎಣ್ಣೆಯಲ್ಲಿ ಅದ್ದಿ ಹಲಗೆಗೆ ತಿಕ್ಕುತ್ತಿದ್ದ. ಅದೇ ಎಣ್ಣೆ, ಅದೇ ಬನಿಯನ್ ಬಟ್ಟೆ, ಒಂದೇ ದಿಕ್ಕಿಗೆ ಎಳೆಯುವ ಕೈ... ನಾವು ಸ್ಟೋರಣ್ಣ ಎಂದು ಕರೆಯುತ್ತಿದ್ದವರು ನೆನಪಾದರು.

ಅವರು ಕೊಡಗಿನವರು. ಎಣ್ಣೆಬಾವಿ ಕೊರೆಯುವ ಕಂಪನಿಯೊಂದರ ಯಾರ್ಡ್‌ನಲ್ಲಿ ಸ್ಟೋರ್‌ಕೀಪರ್ ಆಗಿದ್ದರು. ಪಕ್ಕದ ಅಲ್ ಖೌದ್‌ನಲ್ಲಿ ನಮ್ಮದೊಂದು ಹಾಕಿ ಕ್ಲಬ್ ಇತ್ತು. ಅದಕ್ಕೆ ಹೆಸರಿರಲಿಲ್ಲ, ರಸೀದಿ ಪುಸ್ತಕವಿರಲಿಲ್ಲ. ಅಲ್ಲಿ ಗೋಲು ಕಾಯುತ್ತಿದ್ದವರು ಅವರು. ಕ್ಲಬ್ಬಿನ ಚರಿತ್ರೆಯಲ್ಲಿ ನಾನು ಕಣ್ಣಾರೆ ಕಂಡದ್ದು ಕೊನೆಯ ಕೆಲವು ವರ್ಷಗಳು ಮಾತ್ರ. ಉಳಿದದ್ದು ಅವರು ಹೇಳಿದ್ದು.

ಮೈದಾನ ಒಬ್ಬ ಮುದುಕ ಒಮಾನಿಯದು. ಅವನ ಖರ್ಜೂರದ ತೋಟದ ಪಕ್ಕದ ಜಲ್ಲಿಕಲ್ಲಿನ ಬಯಲು. ನಾವೆಲ್ಲ ಅವನನ್ನು ಬಾಬಾ ಎನ್ನುತ್ತಿದ್ದೆವು. ಬಾಡಿಗೆ ಕೇಳಿರಲಿಲ್ಲ, ಒಂದು ಮಾತು ಹೇಳಿದ್ದ: ಆಡುತ್ತಿರುವವರೆಗೆ ನಿಮ್ಮದು, ಖಾಲಿ ಬಿದ್ದರೆ ನನ್ನ ಮಗ ಲಾರಿ ನಿಲ್ಲಿಸುತ್ತಾನೆ. ಹಾಗಾಗಿ ವಾರದ ರಜೆಯಾದ ಶುಕ್ರವಾರದ ಆಟ ತಪ್ಪುವಂತಿರಲಿಲ್ಲ. ಆಟಕ್ಕೆ ಮೊದಲು ಪ್ರತಿಯೊಬ್ಬರೂ ಒಂದು ಬಕೆಟ್ ಕಲ್ಲು ಆರಿಸಿ ಹೊರಗೆ ಸುರಿಯಬೇಕು. ಮರುವಾರ ಅಷ್ಟೇ ಕಲ್ಲು ಮತ್ತೆ ಇರುತ್ತಿತ್ತು.

ಇನ್ನೊಂದು ನಿಯಮ ಸ್ಟೋರಣ್ಣ ಮಾಡಿದ್ದು. ಕೆಲಸ ಬಿಟ್ಟು ಊರಿಗೆ ಹೋಗುವವನು ಸ್ಟಿಕ್ಕನ್ನು ಕ್ಲಬ್ಬಿಗೆ ಬಿಟ್ಟು ಹೋಗಬೇಕು. ಅವನ ವಿಮಾನ ಹೊರಟ ಮೇಲೆ ಸ್ಟೋರಣ್ಣ ಆ ಸ್ಟಿಕ್ಕಿಗೆ ಎಣ್ಣೆ ತಿಕ್ಕಿ, ಹಿಡಿಗೆ ಬಿಳಿ ಟೇಪು ಸುತ್ತಿ, ಅದರ ಮೇಲೆ ಅವನ ಉದ್ಯೋಗ ಬರೆಯುತ್ತಿದ್ದರು. ಹೊಸದಾಗಿ ಬಂದವನು ಅದರಲ್ಲೇ ಆಡಬೇಕು. ಮೈದಾನದಲ್ಲಿ ಅವನ ಹೆಸರೂ ಅದೇ.

ನಾನು ಮೊದಲ ಸಲ ಹೋದ ದಿನ ನನ್ನನ್ನು ಮೇಲಿಂದ ಕೆಳಗೆ ನೋಡಿ ಒಂದು ಸ್ಟಿಕ್ಕು ಕೊಟ್ಟರು.

"ಸರ್ವೇಯರ್ ಹೋದ ತಿಂಗಳು ಊರಿಗೆ ಹೋದ್ರು. ನಿಮಗೆ ಅವರದ್ದೇ ಎತ್ತರ ಉಂಟು. ಇವತ್ತಿಂದ ನೀವು ಸರ್ವೇಯರ್."

"ನಾನು ಪತ್ರಿಕೆಯಲ್ಲಿ ಕೆಲಸ ಮಾಡೋದು," ಎಂದೆ.

"ಅದು ಶನಿವಾರದಿಂದ ಬುಧವಾರದವರೆಗೆ."

ಪಕ್ಕದಲ್ಲಿ ನಿಂತಿದ್ದವನು ನಕ್ಕ. ಮಂಗಳೂರಿನವನು, ಬ್ಯಾಂಕಿನಲ್ಲಿ ಗುಮಾಸ್ತ. ಶುಕ್ರವಾರದ ಪೂಜೆ ಮುಗಿಸಿ ಇಗರ್ಜಿಯಿಂದ ನೇರ ಬರುತ್ತಿದ್ದ. ಅವನ ಕೈಯಲ್ಲಿದ್ದದ್ದು ಕಂಪೌಂಡರ್‌ನ ಸ್ಟಿಕ್ಕು. "ನಿಮ್ಮದು ವಾಸಿ ಮಾರಾಯ್ರೆ. ನನ್ನ ಹೆಂಡ್ತಿ ಮಕ್ಕಳ ಜ್ವರಕ್ಕೆ ಈಗ ನನ್ನನ್ನೇ ಕೇಳ್ತಾಳೆ," ಎಂದ.

ಆಮೇಲೆ ಕಚ್ಚಾ ಎಣ್ಣೆಯ ಬೆಲೆ ಬಿತ್ತು. ತೊಂಬತ್ತರ ದಶಕದ ಕೊನೆಯ ಮಾತು. ಆ ಸುದ್ದಿ ದಿನವೂ ನನ್ನ ಮೇಜಿನ ಮೇಲೆಯೇ ಹಾದುಹೋಗುತ್ತಿತ್ತು. ಶೀರ್ಷಿಕೆ ಕೊಟ್ಟು ಕಳಿಸುತ್ತಿದ್ದೆ. ಅದರ ಅರ್ಥ ಮಾತ್ರ ಬಯಲಿನ ಪಕ್ಕದಲ್ಲೇ ಇದ್ದ ಸ್ಟೋರಣ್ಣನ ಕೋಣೆಯಲ್ಲಿ ಕಾಣುತ್ತಿತ್ತು. ಮೊದಲು ಅಲ್ಲಿ ಗೋಡೆಗೆ ಒಂದೋ ಎರಡೋ ಸ್ಟಿಕ್ಕು ಒರಗಿರುತ್ತಿದ್ದವು. ಈಗ ಕೆಲಸ ಹೋದವರ ಸ್ಟಿಕ್ಕುಗಳು ಸೇರತೊಡಗಿದವು: ಫೋರ್‌ಮನ್ ಬಂತು, ಡ್ರಾಫ್ಟ್ಸ್‌ಮನ್ ಬಂತು, ಕ್ರೇನ್ ಬಂತು... ತೆಗೆದುಕೊಳ್ಳಲು ಹೊಸಬರು ಬರಲಿಲ್ಲ. ಮಂಚಕ್ಕೆ ಹೋಗಲು ಅವರು ಸ್ಟಿಕ್ಕುಗಳನ್ನು ಸರಿಸಬೇಕಾಗಿತ್ತು.

ಆಟ ಏಳು ಜನಕ್ಕೆ ಇಳಿಯಿತು, ನಂತರ ಐದಕ್ಕೆ. ಬಾಬಾನ ಮಗ ಎರಡು ಸಲ ಬಂದು ಬಯಲಿನ ಅಂಚಿನಲ್ಲಿ ಕಾರು ನಿಲ್ಲಿಸಿ ನೋಡಿ ಹೋದ. ಸ್ಟೋರಣ್ಣ ಅದನ್ನು ಗಮನಿಸಿದರು. ಮರುದಿನ ಮತ್ರಾದ ತಂಡಕ್ಕೆ ಫೋನ್ ಮಾಡಿದರು. ಅದು ಆ ಬಂದರು ಪೇಟೆಯಲ್ಲಿ ನೆಲೆಸಿದ ಹಳೆಯ ಭಾರತೀಯ ವ್ಯಾಪಾರಿ ಮನೆತನಗಳವರ ತಂಡ. ವರ್ಷಕ್ಕೊಮ್ಮೆ ನಮ್ಮೊಡನೆ ಆಡಿ, ಬಹುತೇಕ ಗೆದ್ದು ಹೋಗುತ್ತಿತ್ತು. ಒಂದು ಪೂರ್ತಿ ಪಂದ್ಯ ಬಾಬಾನ ಕಣ್ಣಿಗೆ ಬಿದ್ದರೆ ಮೈದಾನ ಉಳಿಯುತ್ತದೆ ಎಂಬುದು ಸ್ಟೋರಣ್ಣನ ಎಣಿಕೆ.

ಫೋನ್ ಮಾಡುವಾಗ ನಾನು ಪಕ್ಕದಲ್ಲೇ ಇದ್ದೆ. "ಜನಕ್ಕೇನು ಕೊರತೆ? ಹದಿನಾಲ್ಕು ಮಂದಿ ಇದೀವಿ, ಮೂವರನ್ನು ಕೂರಿಸಬೇಕಾಗ್ತದೆ," ಎಂದು ಹಿಂದಿಯಲ್ಲಿ ಹೇಳಿದರು. ಅತ್ತ ಕಡೆಯವರೂ ತಮ್ಮಲ್ಲಿ ಹದಿನೈದು ಜನ ಎಂದರಂತೆ.

ಫೋನ್ ಇಟ್ಟ ಮೇಲೆ ಕೇಳಿದೆ, "ಎಲ್ಲಿದ್ದಾರೆ ಹದಿನಾಲ್ಕು?"

"ಅವರ ಹತ್ರ ಹದಿನೈದು ಉಂಟಲ್ಲ. ನಾಲ್ಕು ಸಾಲ ಕೊಡ್ತಾರೆ. ಮೊದಲೇ ಕೇಳಿದ್ರೆ ಮರ್ಯಾದೆ ಹೋಗ್ತದೆ."

ಆ ಶುಕ್ರವಾರ ನಾವು ಹೇಗೋ ಏಳು ಜನ ಸೇರಿದೆವು. ಕಲ್ಲು ಆರಿಸಿ, ಸುಣ್ಣದ ಗೆರೆ ಹಾಕಿ ಕಾದೆವು. ಮತ್ರಾದಿಂದ ಒಂದು ಕಾರು ಬಂತು. ಅದರಿಂದ ಐದು ಜನ ಇಳಿದರು. ಉಳಿದವರು ಹಿಂದೆ ಬರುತ್ತಿದ್ದಾರೆಂದು ನಾವು ರಸ್ತೆ ನೋಡಿದೆವು. ನಮ್ಮ ಉಳಿದವರು ಒಳಗಿದ್ದಾರೆಂದು ಅವರು ಸ್ಟೋರಣ್ಣನ ಕೋಣೆಯ ಕಡೆ ನೋಡಿದರು. ಕೊನೆಗೆ ಅವರ ಕ್ಯಾಪ್ಟನ್ ತಲೆ ಕೆರೆದುಕೊಂಡು, ನಿಮ್ಮ ಹೆಚ್ಚಿನ ಮೂವರನ್ನು ನಮಗೆ ಕೊಡಬಹುದೇ ಎಂದು ಕೇಳಿದ.

ಮೊದಲು ನಕ್ಕವರು ಸ್ಟೋರಣ್ಣ. ಗೋಲಿನ ಕಂಬ ಹಿಡಿದುಕೊಂಡು ನಕ್ಕರು.

ಹನ್ನೆರಡು ಜನ ಬೆರೆತು, ಆರಾರು ಆಗಿ ಆಡಿದೆವು. ಬಾಬಾ ಕುರ್ಚಿ ತರಿಸಿಕೊಂಡು ಕೂತಿದ್ದ. ಮಧ್ಯದಲ್ಲಿ, ಯಾರು ಯಾವ ಕಡೆಯವರು ಎಂದು ಕೂಗಿ ಕೇಳಿದ.

"ಕೇಳಬೇಡಿ ಬಾಬಾ, ನಮಗೂ ಗೊತ್ತಿಲ್ಲ," ಎಂದ ಕಂಪೌಂಡರ್.

ಸ್ಟೋರಣ್ಣ ಗೋಲಿನಿಂದ ಎಲ್ಲರನ್ನೂ ಸ್ಟಿಕ್ಕಿನ ಹೆಸರು ಹಿಡಿದು ಕೂಗುತ್ತಲೇ ಇದ್ದರು. ಮತ್ರಾದವರಿಗೂ ಗೋಡೆಯ ಸ್ಟಿಕ್ಕುಗಳನ್ನೇ ಕೊಟ್ಟಿದ್ದರು. ಹಾಗಾಗಿ ಫೋರ್‌ಮನ್, ಡ್ರಾಫ್ಟ್ಸ್‌ಮನ್, ಕ್ರೇನ್ ಎಲ್ಲರೂ ಅವತ್ತು ಮೈದಾನದಲ್ಲಿದ್ದರು. ಆಟ ಮುಗಿದಾಗ ಬಾಬಾ ಸ್ಟೋರಣ್ಣನ ಭುಜ ತಟ್ಟಿ, ಈ ವರ್ಷ ಲಾರಿ ಬರುವುದಿಲ್ಲ ಎಂದ.

ಕೋಣೆಗೆ ಮರಳಿ ಸ್ಟಿಕ್ಕುಗಳ ಧೂಳು ಒರೆಸುವಾಗ ಸ್ಟೋರಣ್ಣ ತಲೆ ಎತ್ತದೆ ಹೇಳಿದರು: "ನಂದೂ ಖಲಾಸ್. ಯಾರ್ಡ್ ಮುಚ್ತಾರೆ. ಪಂದ್ಯ ಮುಗೀಲಿ ಅಂತ ಟಿಕೆಟ್ ಮುಂದೆ ಹಾಕ್ಸಿದ್ದೆ."

ಕಂಪೌಂಡರ್ ತಮಾಷೆ ಮಾಡಲು ನೋಡಿದ. "ಹಾಗಾದ್ರೆ ನಿಮ್ಮ ಸ್ಟಿಕ್ಕಿಗೆ ಯಾರು ಬರಿಯೋದು ಸ್ಟೋರಣ್ಣ?"

ಸ್ಟೋರಣ್ಣ ತಮ್ಮ ಸ್ಟಿಕ್ಕನ್ನು ನನ್ನ ಕೈಗೆ ಕೊಟ್ಟರು. ಅದರ ಹಿಡಿಯಲ್ಲಿ ಟೇಪು ಇರಲಿಲ್ಲ, ಅದು ಅವರು ಊರಿಂದ ತಂದದ್ದು. ಮುಂದಿನ ವಾರ ಹೊರಟುಹೋದರು.

ಆಮೇಲೆ ಕೆಲವು ಶುಕ್ರವಾರ ನಾಲ್ಕು ಜನ ಹೋದೆವು. ಕಲ್ಲು ಆರಿಸಿ, ಚೆಂಡನ್ನು ಒಬ್ಬರಿಂದೊಬ್ಬರಿಗೆ ತಳ್ಳಿ ಬಂದೆವು. ಒಂದು ಶುಕ್ರವಾರ ಯಾರೂ ಹೋಗಲಿಲ್ಲ. ಆ ಮೇಲೂ ಬಾಬಾ ಮಾತಿಗೆ ತಪ್ಪಲಿಲ್ಲ. ವರ್ಷ ತುಂಬುವವರೆಗೆ ಲಾರಿ ಬರಲಿಲ್ಲ. ನಂತರ ಬಂದವು. ಎಣ್ಣೆ ಬೆಲೆ ಮತ್ತೆ ಏರಿತು. ಹೊಸಬರು ಬಂದರು. ಅವರು ಕ್ರಿಕೆಟ್ ಆಡಿದರು.

ಸ್ಟೋರಣ್ಣನ ಸ್ಟಿಕ್ಕು ನನ್ನ ಜೊತೆ ಮೂರು ಮನೆ ಬದಲಿಸಿದೆ. ಟೇಪು ಸುತ್ತಲಿಲ್ಲ. ಬರೆಯುವ ಕೆಲಸ ಅವರದ್ದು, ನನ್ನದಲ್ಲ ಎಂದುಕೊಂಡಿದ್ದೆ... ಕಳೆದ ಮಳೆಗಾಲದಲ್ಲಿ ಮಂಗಳೂರಿನಿಂದ ಕಂಪೌಂಡರ್ ಫೋನ್ ಮಾಡಿದ. ಈಗಲೂ ಅವನು ನನ್ನನ್ನು ಹಳೆಯ ಹೆಸರಿನಿಂದಲೇ ಕರೆಯುತ್ತಾನೆ. "ಸರ್ವೇಯರ್ರೆ, ಸ್ಟೋರಣ್ಣ ಹೋದ್ರಂತೆ."

ಬಡಗಿಯಿಂದ ಅರ್ಧ ಬಾಟಲಿ ಎಣ್ಣೆ ಕೊಂಡು ತಂದೆ. ಹಳೆಯ ಬನಿಯನ್ ಹರಿದು, ಒಂದೇ ದಿಕ್ಕಿಗೆ ತಿಕ್ಕಿದೆ. ಮರ ಬಹಳ ಕುಡಿಯಿತು. ಬಿಳಿ ಟೇಪು ಸುತ್ತಿ 'ಸ್ಟೋರ್' ಎಂದು ಬರೆದೆ. ಬರೆದ ಸ್ಟಿಕ್ಕನ್ನು ಶುಕ್ರವಾರ ಹೊಸಬರೊಬ್ಬರ ಕೈಗೆ ಕೊಡಬೇಕು. ಅದು ಕ್ಲಬ್ಬಿನ ನಿಯಮ. ಈಗ ಬಾಗಿಲ ಹಿಂದೆ ಒರಗಿಸಿಟ್ಟಿದ್ದೇನೆ.