ಗಿರಣಿ ಹತ್ತಿರ ಎಡಕ್ಕೆ

ಆ ಮುಂಜಾನೆಯೂ ಎಂದಿನಂತೆ ರೊಟ್ಟಿ ಬಡಿದು, ಹೆಸರುಕಾಳಿನ ಪಲ್ಯ ಮಾಡಿ ಡಬ್ಬಿ ಕಟ್ಟಿದೆ. ಹುನಗುಂದದ ಬಸ್ಸಿಗೆ ಹೊರಟಿದ್ದ ನಮ್ಮ ಯಜಮಾನರು ಚಪ್ಪಲಿ ಮೆಟ್ಟುತ್ತ, “ಖರೇನ ಹೊಂಟೀಯೇನು? ಈಜಲಿಕ್ಕೆ ಬರೂದಿಲ್ಲ ನಿನಗ” ಎಂದರು.

“ಜಾಕೀಟ್ ಕೊಡ್ತಾರಂತ್ರಿ.”

“ಜಾಕೀಟ್ ಈಜತದ. ನೀ?” ನಕ್ಕು ಹೋದರು. ಗೇಟು ಹಾಕಿದ ಮೇಲೆ ಮನೆಯಲ್ಲಿ ಫ್ರಿಜ್ಜಿನ ಸದ್ದೊಂದೇ ಉಳಿಯಿತು.

ಹಳೇ ಬಾಗಲಕೋಟೆಯ ದಂಡೆಯಲ್ಲಿ ಕಯಾಕ್ ಬಿಡತೊಡಗಿದ್ದರು. ಇಬ್ಬರು ಕೂಡುವ ಕಿರಿದಾದ ದೋಣಿ. ಹಿನ್ನೀರಿನ ಮೇಲೆ ಹಳದಿ ಡಬ್ಬಗಳನ್ನು ತೇಲಬಿಟ್ಟು ದಾರಿ ಗುರುತು ಮಾಡಿದ್ದರು. ಜನ ಮೋಜಿಗೆ ಹೋಗುತ್ತಿದ್ದರು. ನನ್ನ ತವರುಮನೆ ಆ ನೀರಿನ ಕೆಳಗಿದೆ. ಊರು ಮುಳುಗಡೆಯಾದ ಮೇಲೆ ಅವ್ವ ನವನಗರದ ಬಾಡಿಗೆ ಮನೆಯಲ್ಲಿ ಬಹಳ ದಿನ ಬಾಳಲಿಲ್ಲ. ಅಂದಿನಿಂದ ನನ್ನ ಉಡಿ ತುಂಬಿ ಕಳಿಸುವವರಿಲ್ಲ. ಒಂದು ಸಲವಾದರೂ ಆ ಬಾಗಿಲಿನಿಂದ ಉಡಿ ತುಂಬಿಸಿಕೊಂಡು ಬರಬೇಕು ಅನ್ನುವುದು ನನ್ನ ಆಸೆ. ಅಕ್ಕಿ, ಅರಿಸಿನ ಕೊಂಬು, ಅಡಿಕೆ, ಒಂದು ಕುಬಸದ ಖಣ ಚೀಲಕ್ಕೆ ಹಾಕಿ, ಚಿಕ್ಕಂದಿನಲ್ಲಿ ಕಾನ್ವೆಂಟಿನ ಸಿಸ್ಟರ್ ಕಲಿಸಿದಂತೆ ಕರ್ಚೀಫನ್ನು ಅಂಚಿಗೆ ಅಂಚು ಕೂಡಿಸಿ ಮಡಚಿ ಮೇಲಿಟ್ಟೆ.

ದಂಡೆಯಲ್ಲಿ ಹಳೆಯ ಡಾಂಬರು ರಸ್ತೆ ಇಳಿಜಾರಾಗಿ ನೇರ ನೀರಿಗೆ ಇಳಿದುಹೋಗಿದೆ. ಅದು ನಮ್ಮ ಓಣಿಗೆ ಹೋಗುವ ರಸ್ತೆ. ದೋಣಿ ನಡೆಸುವ ಹುಡುಗಿ ನನ್ನನ್ನು ಮುಂದೆ ಕೂಡಿಸಿ ತಾನು ಹಿಂದೆ ಕೂತಳು. ಅವಳ ಒದ್ದೆ ಕಾಲಲ್ಲಿ ಕಾಲುಂಗುರ ಇದ್ದುದನ್ನು ಹತ್ತುವಾಗಲೇ ನೋಡಿದ್ದೆ.

“ಹಳದಿ ಡಬ್ಬ ಬಿಟ್ಟು ಸ್ವಲ್ಪ ಆಚೆ ಹೋಗೂಣೇನವಾ?” ಎಂದು ಕೇಳಿದೆ. “ನಮ್ಮ ಮನಿ ಅಲ್ಲದ.”

“ಆಳ ಇಲ್ಲ, ನಡೀರಿ ಅಕ್ಕಾರ. ದಾರಿ ನೀವ ಹೇಳ್ರಿ.”

ರಸ್ತೆಯ ನೇರಕ್ಕೇ ಹೋದೆವು. ಹಿಂತಿರುಗಿ ದಂಡೆ ನೋಡಿ ಅಂದಾಜು ಮಾಡಿ, “ಇಲ್ಲಿ ಗಿರಣಿ ಇತ್ತು. ಎಡಕ್ಕ ಹೊರಳ್ಸು” ಎಂದೆ. ಹೊರಳಿಸಿದಳು. “ಈಗ ಸ್ವಲ್ಪ ಮುಂದ ಹೋಗಿ ಬಲಕ್ಕ.”

“ಅಕ್ಕಾರ, ಓರೆ ಹಿಡದು ಸೀದಾ ಹ್ವಾದ್ರ ಆಗಂಗಿಲ್ಲೇನ್ರಿ? ಇಲ್ಲೇನು ಗ್ವಾಡಿ ಐತಾ?”

“ಅದು ಮಂದಿ ಹಿತ್ತಲವಾ. ನಡುವ ಹಾಯಬಾರದು.”

ಅವಳು ನಗಲಿಲ್ಲ. ಹುಟ್ಟು ಹಾಕುತ್ತ ಓಣಿ ಹಿಡಿದೇ ಕರೆದೊಯ್ದಳು.

ಬಾಗಿಲು ಬಂತು ಅಂದುಕೊಂಡಲ್ಲಿ ನಿಲ್ಲಿಸಲು ಹೇಳಿದೆ. ನೀರು ಮಣ್ಣಿನ ಬಣ್ಣಕ್ಕಿತ್ತು. ಕೆಳಗೆ ಏನೂ ಕಾಣಲಿಲ್ಲ. ಗಾಳಿಗೆ ದೋಣಿ ಸರಿಯುತ್ತಿತ್ತು. ನಮ್ಮ ಕಟ್ಟೆಯಿಂದ ಎದುರಿನವರ ಕಟ್ಟೆಗೆ ಬಂದಿರಬೇಕು, ಅವಳು ಹುಟ್ಟು ಹಾಕಿ ಮತ್ತೆ ಹಿಂದಕ್ಕೆ ತಂದಳು. ಚೀಲ ಬಿಚ್ಚಿ ಅಕ್ಕಿಗೆ ಕೈ ಹಾಕಿದಾಗಲೇ ಹೊಳೆದದ್ದು: ತನ್ನ ಉಡಿ ತಾನೇ ತುಂಬಿಕೊಳ್ಳಲು ಬರುವುದಿಲ್ಲ. ಎಲ್ಲಾ ನೆನಪಿಟ್ಟು ತಂದಿದ್ದೆ, ತುಂಬುವ ಕೈಯೊಂದನ್ನು ಬಿಟ್ಟು.

“ನೀರಿಗೆ ಏನೂ ಚೆಲ್ಲಬ್ಯಾಡ್ರಿ ಅಕ್ಕಾರ, ಬೈತಾರ.”

“ಚೆಲ್ಲಲಿಕ್ಕಲ್ಲವಾ. ಉಡೀಗೆ.”

ಹಿಂದೆ ಅವಳು ಹುಟ್ಟನ್ನು ದೋಣಿಗೆ ಅಡ್ಡಲಾಗಿ ಇಟ್ಟ ಸದ್ದಾಯಿತು. “ನಾ ಹಾಕ್ಲೇನ್ರಿ?”

ಚೀಲವನ್ನು ಹಿಂದಕ್ಕೆ ಚಾಚಿ, ಜಾಕೀಟಿನ ಕೆಳಗೆ ಚೂಡಿದಾರದ ಓಢಣಿ ಹರವಿ ಕೂತೆ. ದೋಣಿ ಅಲುಗೀತೆಂದು ತಿರುಗಲಿಲ್ಲ. ಹೆಗಲ ಮೇಲಿಂದ ಒದ್ದೆ ಕೈ ಬಂದು ಅಕ್ಕಿ ಹಾಕಿತು. ಅರ್ಧ ಅವಳ ಬೆರಳಿಗೇ ಅಂಟಿಕೊಂಡಿತ್ತು. ಮುಖ ಕಾಣದ್ದರಿಂದ ಅದು ಯಾರ ಕೈಯಾದರೂ ಆಗಬಹುದಿತ್ತು. ಉಡಿ ತುಂಬಿದ ಮೇಲೆ ಮಗಳು ಒಂದು ಹಿಡಿ ಅಕ್ಕಿ ಅಲ್ಲೇ ಬಿಟ್ಟು ಹೋಗುವುದು ನಮ್ಮ ಮನೆಯ ಪದ್ಧತಿ, ತವರು ಬರಿದಾಗಬಾರದೆಂದು. ನೀರಿಗೆ ಬಿಟ್ಟೆ. ಹುಡುಗಿ ಆ ಹೊತ್ತಿಗೆ ಬೇರೆ ಕಡೆ ನೋಡುತ್ತಿದ್ದಿರಬೇಕು, ಹುಟ್ಟು ಹಾಕಿ ದೋಣಿಯನ್ನು ದಂಡೆಯ ಕಡೆಗೆ ಹೊರಳಿಸಿದಳು.

ಮನೆಗೆ ಬಂದು ಕೀಲಿ ತೆಗೆದೆ. ತವರಿನಿಂದ ಬಂದವಳನ್ನು “ಏನು ಕೊಟ್ಟ ಕಳಿಸ್ಯಾರ?” ಎಂದು ಕೇಳುವವರು ಯಾರೂ ಇರಲಿಲ್ಲ. ಖಣವನ್ನು ತಂತಿಗೆ ಹಾಕಿ, ಒದ್ದೆಯಾದ ಅಕ್ಕಿಯನ್ನು ಪರಾತದಲ್ಲಿ ಹರವಿ ಮಾಳಿಗೆಯ ಮೇಲಿಟ್ಟೆ.

ಸಂಜೆ ಅದನ್ನು ತರಲು ಹೋದಾಗ ಪಕ್ಕದ ಮನೆಯವರು ತಮ್ಮ ಮಾಳಿಗೆಯಲ್ಲಿ ಬಟ್ಟೆ ತೆಗೆಯುತ್ತಿದ್ದರು. ಹೋದ ವರ್ಷ ವರ್ಗವಾಗಿ ಬಂದವರು, ಈ ಊರಿನ ಹಿಂದಿನದೇನೂ ಅವರಿಗೆ ತಿಳಿಯದು. ಅಕ್ಕಿಯೊಳಗಿನ ಅರಿಸಿನ ಕೊಂಬು ಅವರ ಕಣ್ಣಿಗೆ ಬಿತ್ತು.

“ಉಡಿ ಅಕ್ಕಿ ಏನ್ರಿ? ತವರಿಗೆ ಹೋಗಿದ್ರೇನು?”

“ಹೂನ್ರಿ.”

“ಮುಂಜಾನಿ ಹೋಗಿ ಮಧ್ಯಾಹ್ನ ಬಂದ್ರಿ,” ಎಂದರು ಅವರು, ಬಾಯಲ್ಲಿದ್ದ ಕ್ಲಿಪ್ಪು ತೆಗೆಯುತ್ತ. “ತವರು ಇಷ್ಟು ಸನೇದಾಗ ಇಟ್ಕೊಂಡು, ನೀವು ಒಮ್ಮೆನೂ ಹೋಗಿದ್ದು ಕಾಣ್ಲಿಲ್ಲ ನೋಡ್ರಿ ನಾ.”