ಕೊಬ್ಬರಿ ವಾಸನೆಯ ಪುಸ್ತಕ

ಅಮ್ಮನ ಹಳೆಯ ಟ್ರಂಕಿನ ಮುಚ್ಚಳ ತೆಗೆದೆ, ಗಮ್ಮೆಂದು ಕೊಬ್ಬರಿ ವಾಸನೆ ಬಂತು. ಬೈಬಲ್ಲು, ಹಾಡಿನ ಪುಸ್ತಕ, ಅಪ್ಪನ ಸ್ವೆಟರು ಇರುವ ಟ್ರಂಕಿಗೆ ಕೊಬ್ಬರಿ ಎಲ್ಲಿಂದ ಬರಬೇಕು? ಹುಡುಕಿದರೆ ತಳದಲ್ಲಿ ಯೇಸುವಿನ ಜೀವನದ ಆ ದಪ್ಪ ಪುಸ್ತಕ, ರಟ್ಟಿನ ತುಂಬ ಎಣ್ಣೆಯ ಕಲೆ. ಅದನ್ನು ಮೂಗಿಗೆ ಹಿಡಿದುಕೊಂಡು ಅಲ್ಲೇ ನೆಲದ ಮೇಲೆ ಕೂತುಬಿಟ್ಟೆ... ಓನರ್ ಮನೆ ಅಕ್ಕ ನೆನಪಾದರು.

ತೊಂಬತ್ತರ ದಶಕದ ಕೊನೆಯಲ್ಲಿ ನಾವು ಅರಸೀಕೆರೆಯಲ್ಲಿ ಒಬ್ಬ ಕೊಬ್ಬರಿ ವ್ಯಾಪಾರಿಯ ಹಿತ್ತಲ ಮನೆಯಲ್ಲಿ ಬಾಡಿಗೆಗಿದ್ದೆವು. ಅವರು ಲಿಂಗಾಯತರು, ಮಠಕ್ಕೆ ನಡೆದುಕೊಳ್ಳುವ ದೊಡ್ಡ ಕುಟುಂಬ. ನಾವು ಕ್ರೈಸ್ತರು, ಅಪ್ಪನಿಗೆ ರೈಲ್ವೆಯಲ್ಲಿ ಕೆಲಸ. ಎರಡು ಮನೆಗೂ ನಡುವೆ ಒಂದು ಗೋಡೆ, ಗೋಡೆಯಲ್ಲೊಂದು ಸಣ್ಣ ಬಾಗಿಲು. ಆ ಮನೆಯ ಹಿರಿಸೊಸೆಯೇ ಅಕ್ಕ. ನಾನು ಡಿಗ್ರಿ ಮುಗಿಸಿ, ಗಂಡು ನೋಡುವವರ ದಾರಿ ಕಾಯುತ್ತ ಮನೆಯಲ್ಲಿ ಕೂತಿದ್ದ ಕಾಲ. ಕರಿಬೇವಿನ ನೆಪದಲ್ಲಿ ಬಂದ ಅಕ್ಕ ಒಂದು ಗಂಟೆ ಹರಟುತ್ತಿದ್ದರು.

ಅವರ ಮಗು ಎಂಟು ತಿಂಗಳಿಗೆ ಜ್ವರ ಬಂದು ತೀರಿಹೋಗಿತ್ತು. ಆ ಮನೆಯಲ್ಲಿ ಅದರ ಮಾತೆತ್ತುವಂತಿಲ್ಲ. ಶಿವ ಕೊಟ್ಟಿದ್ದು ಶಿವ ತಗೊಂಡ, ಅತ್ತರೆ ಮನೆಗೆ ಒಳ್ಳೇದಲ್ಲ ಎಂದು ಅತ್ತೆ ಒಂದೇ ಸಲ ಹೇಳಿ ಮುಗಿಸಿದ್ದರಂತೆ. ಕೆಟ್ಟ ಹೆಂಗಸೇನಲ್ಲ ಆಕೆ. ಆದರೂ ಕೇಳಿದಾಗ ನನಗೆ ಮೈಯೆಲ್ಲ ಉರಿದುಹೋಗಿತ್ತು.

ಒಂದು ಮಧ್ಯಾಹ್ನ ಈ ಪುಸ್ತಕ ನಮ್ಮ ಕಿಟಕಿಯ ಮೇಲಿತ್ತು. ಅಕ್ಕ ಸುಮ್ಮನೆ ತೆರೆದರು. ಗೆಳೆಯ ಸತ್ತುಹೋಗಿ, ಅವನ ಸಮಾಧಿಯ ಮುಂದೆ ಯೇಸು ಅತ್ತ ಅಧ್ಯಾಯ. ಓದಿದವರು ತಲೆ ಎತ್ತಿ ಕೇಳಿದರು.

"ದೇವ್ರು ಅಂತೀರಾ ಇವನ್ನ. ದೇವ್ರೂ ಅಳ್ತಾನೇನೇ?"

"ಅತ್ತ ಅಂತ್ಲೇ ಬರ್ದಿದೆಯಲ್ಲಕ್ಕ. ಆಮೇಲೆ ಅವನನ್ನ ಎಬ್ಬಿಸಿದ, ಮುಂದೆ ಓದಿ."

"ಎದ್ದಿದ್ದು ಬಿಡೇ. ನಮ್ಮ ಕೂಸೇನು ಏಳಲ್ವಲ್ಲ," ಎಂದು ಆ ಪುಟದ ಮೇಲೆ ಕೈಯಿಟ್ಟುಕೊಂಡು ಅತ್ತರು. ನಮ್ಮ ಅಡುಗೆಮನೆಯಲ್ಲಿ, ನಮ್ಮಮ್ಮನ ಸೆರಗು ಹಿಡಿದುಕೊಂಡು.

ಅಂದಿನಿಂದ ಒಂದೊಂದೇ ಪುಸ್ತಕ ಸೆರಗಿನಡಿ ಆ ಕಡೆ ಹೋಯಿತು. ಪ್ರಾರ್ಥನೆಯದು, ಧ್ಯಾನದ್ದು. ದಪ್ಪನೆಯ ಇದಂತೂ ಹೋದದ್ದು ಅಲ್ಲೇ ಉಳಿಯಿತು. ಬಚ್ಚಿಡಲು ಅಕ್ಕ ಕಂಡುಕೊಂಡ ಜಾಗ ಕೊಬ್ಬರಿ ಅಟ್ಟ. ನಮ್ಮ ಕಡೆ ತೆಂಗಿನಕಾಯಿಯನ್ನು ಇಡಿಯಾಗಿ ಅಟ್ಟಕ್ಕೆ ಹಾಕಿದರೆ, ಒಳಗೇ ಒಣಗಿ ಲೊಟಲೊಟ ಅನ್ನುವವರೆಗೆ, ಹತ್ತಿರ ಹತ್ತಿರ ವರ್ಷ ಕಾಲ, ಯಾರೂ ಮುಟ್ಟುವುದಿಲ್ಲ. ಹೊಸ ರಾಶಿಯ ಹಿಂದೆ ಪುಸ್ತಕ ಇಟ್ಟರೆ ಬರುವ ವರ್ಷದ ತನಕ ಚಿಂತೆಯಿಲ್ಲ. "ಇಲಿ ನೋಡ್ಕಂಡು ಬತ್ತೀನಿ ಅತ್ತೆ" ಎಂದು ಏಣಿ ಹತ್ತುವುದು, ಹೆಂಚುಗಳ ನಡುವಿನ ಒಂದೇ ಒಂದು ಗಾಜಿನ ಹೆಂಚಿನ ಬೆಳಕಿಗೆ ಕಾಯಿಗಳ ಮಧ್ಯೆ ಮುದುಡಿ ಕೂತು ಓದುವುದು. ಬೇಸಿಗೆಯಲ್ಲಿ ಆ ಅಟ್ಟ ಒಲೆಯ ಮೇಲಿನ ಕಾವಲಿ. ಸೊಸೆಗೆ ಮನೆ ಮೇಲೆ ಎಷ್ಟು ನಿಗಾ ಎಂದು ಅತ್ತೆ ಬೀದಿಯವರ ಹತ್ತಿರ ಹೊಗಳುತ್ತಿದ್ದರು. ನಾನೂ ಅಕ್ಕನೂ ಇದನ್ನು ನೆನೆದು ಎಷ್ಟು ನಕ್ಕಿದ್ದೇವೆ!

ಅಷ್ಟರಲ್ಲಿ ಅಕ್ಕನ ಮೈದುನನ ಮದುವೆ ಗೊತ್ತಾಯಿತು. ಅಕ್ಕ ತವರಿನವರನ್ನು ಕರೆಯಲು ಹಳೇಬೀಡಿಗೆ ಹೋಗಿದ್ದಾಗ, ಮದುವೆ ಮನೆಗೆ ಸುಣ್ಣ ಆಗಬೇಕೆಂದು ಮಾವನವರು ಕಾಯಿ ಒಣಗುವ ಮೊದಲೇ ಅಟ್ಟದಿಂದ ಇಳಿಸಿಬಿಟ್ಟರು. ಅಕ್ಕ ವಾಪಸ್ಸು ಬಂದಾಗ ಪುಸ್ತಕಗಳು ನಡುಮನೆಯ ಬೆಂಚಿನ ಮೇಲಿದ್ದವಂತೆ. ಯಾರೂ ಬೈಯಲಿಲ್ಲ, ಹೊಡೆಯಲಿಲ್ಲ. ಊಟಕ್ಕೆ ಬಡಿಸಿದರು. ಮಾರನೆಯ ದಿನ ಅತ್ತೆಯೇ ಪುಸ್ತಕಗಳನ್ನು ತಟ್ಟೆಯಲ್ಲಿಟ್ಟುಕೊಂಡು ನಮ್ಮ ಮನೆಗೆ ಬಂದರು.

"ನಿಮ್ದು ನಿಮ್ಗೆ ಸೇರ್ಲಿ ಕಣಮ್ಮ. ಮದ್ವೆ ಆದ್ಮೇಲೆ ಈ ಮನೆ ರಿಪೇರಿ ಮಾಡಿಸ್ಬೇಕು, ಬೇರೆ ಕಡೆ ನೋಡ್ಕಳಿ," ಎಂದು ಮೆಲ್ಲಗೆ ಹೇಳಿ ಹೋದರು. ಸಂಜೆಗೆ ನಡುವಿನ ಬಾಗಿಲಿಗೆ ಹಲಗೆ ಹೊಡೆಸಿದ್ದಾಯಿತು.

ನಮ್ಮವರಾದರೂ ನೆಟ್ಟಗಿದ್ದರೇ? ಅಮ್ಮ ಅಕ್ಕನ ಕಷ್ಟ ಹೇಳಿದ್ದಕ್ಕೆ ನಮ್ಮ ಚರ್ಚಿನ ಸಭೆಯ ಹಿರಿಯರು, ಆಕೆ ಕೊರಳ ಲಿಂಗ ತೆಗೆದಿಟ್ಟು ದೀಕ್ಷಾಸ್ನಾನಕ್ಕೆ ಬರಲಿ, ಆಮೇಲೆ ನಾವೆಲ್ಲ ಜೊತೆಗಿರುತ್ತೇವೆ ಎಂದರು. ಅದನ್ನು ನಾನು ಗೋಡೆಯ ಈಚೆಯಿಂದ ಅಕ್ಕನಿಗೆ ಹೇಳಿದೆ. ಆಚೆ ಒಗೆಯುವ ಕಲ್ಲಿನ ಹತ್ತಿರದಿಂದ ಅವರ ದನಿ ಬಂತು.

"ಚಿಕ್ಕವಳಿದ್ದಾಗ ನಮ್ಮೂರ ಹತ್ರ ಬಸ್ತಿಹಳ್ಳೀಲಿ ಜೈನರ ಬಸ್ತಿಗೆ ದಿನಾ ಹೋಗ್ತಿದ್ದೆ ಕಣೇ. ಅಲ್ಲಿ ನುಣ್ಣನೆ ಕಂಬ ಐತೆ, ಮುಖ ಕಾಣ್ತದೆ. ನೋಡ್ಕಂಡು ಕೈಮುಗ್ದು ಬರ್ತಿದ್ದೆ. ಹೋಗ್ಬೇಡ ಅಂತ ನಮ್ಮಪ್ಪ ಅನ್ಲಿಲ್ಲ, ನಮ್ಮೋಳಾಗು ಅಂತ ಅವ್ರೂ ಅನ್ಲಿಲ್ಲ. ಈ ಲಿಂಗ ನಮ್ಮಪ್ಪನ ಮನೇದು, ಅದನ್ಯಾಕೆ ಬಿಡ್ಲಿ? ಇಲ್ಲಿ ಪುಸ್ತಕ ಬಿಡು ಅಂತಾರೆ, ಅಲ್ಲಿ ಲಿಂಗ ಬಿಡು ಅಂತಾರೆ. ಅಳೋಕೊಂದು ಜಾಗ ಕೇಳಿದ್ದು ನಾನು, ಅಷ್ಟೇ."

ಆಮೇಲೆ ಅವರೇ, "ಅದನ್ನ ಓದೇ," ಎಂದರು.

ಓದಿದೆ. ಮದುವೆಯ ಗಲಾಟೆಯ ನಡುವೆಯೂ, ಮುಗಿದ ಮೇಲೂ, ಮಧ್ಯಾಹ್ನ ಗೋಡೆಗೆ ಒರಗಿ ಅದೊಂದೇ ಅಧ್ಯಾಯ ಗಟ್ಟಿಯಾಗಿ ಓದುತ್ತಿದ್ದೆ. ಬಟ್ಟೆ ಒಗೆಯುವ ಸದ್ದು ನಿಂತಿತೆಂದರೆ ಕೇಳುತ್ತಿದ್ದಾರೆ ಎಂದು ಅರ್ಥ. ಯೇಸು ಅತ್ತ ಎನ್ನುವಲ್ಲಿಗೆ ಬಂದರೆ, "ಸಾಕು ಕಣೇ" ಎನ್ನುವರು. ಅಲ್ಲಿಂದಾಚೆ ಒಂದು ದಿನವೂ ಓದಗೊಡಲಿಲ್ಲ. ಸ್ವಲ್ಪ ಹೊತ್ತಿಗೆ ಮತ್ತೆ ಒಗೆಯುವ ಸದ್ದು ಶುರುವಾಗುವುದು, ಮೊದಲಿಗಿಂತ ಜೋರಾಗಿ. ಆ ಸದ್ದಿನಲ್ಲಿ ಅತ್ತರೆ ಒಳಗಿನವರಿಗೆ ಕೇಳಿಸುವುದಿಲ್ಲ.

ನಾವು ಮನೆ ಖಾಲಿ ಮಾಡಿದ ದಿನ ಅಕ್ಕ ಹೊರಗೆ ಬರಲಿಲ್ಲ. ಬರಲು ಬಿಟ್ಟಿರಲಿಕ್ಕಿಲ್ಲ. ಮರುವರ್ಷ ನನ್ನ ಮದುವೆಯಾಗಿ ಬೇಲೂರಿಗೆ ಬಂದೆ. ಮಕ್ಕಳು, ಮನೆ... ವರ್ಷಗಳು ಹೋದವು. ಅಕ್ಕ ತೀರಿಕೊಂಡ ಸುದ್ದಿ ಹೇಳಿದ್ದು ಅರಸೀಕೆರೆ ಕಡೆಯ ಕಣಕಟ್ಟೆಯ ಕಾಯಿ ವ್ಯಾಪಾರಿಯೊಬ್ಬರು. ಲಿಂಗ ಕೈಯಲ್ಲಿಟ್ಟು, ಕೂರಿಸಿ, ಕ್ರಮವಾಗಿ ಮಣ್ಣು ಮಾಡಿದರು ಎಂದರು. ಲಿಂಗ ಅವರ ಜೊತೆಗೇ ಹೋಯಿತಲ್ಲ ಎಂದು ಸಮಾಧಾನವಾಯಿತು. ಯಾರಾದರೂ ಅತ್ತರಾ ಎಂದು ಕೇಳಬೇಕೆನ್ನಿಸಿತು, ಕಾಯಿಯ ಬೆಲೆ ಕೇಳಿದೆ.

ಈಗ ಟ್ರಂಕಿನ ಪಕ್ಕ ಕೂತು ಪುಸ್ತಕ ತೆರೆದೆ. ಗುರುತಿಗೆಂದು ಅಕ್ಕ ಅಟ್ಟದಲ್ಲಿ ಇಟ್ಟುಕೊಂಡಿದ್ದ ತೆಂಗಿನ ನಾರು, ಯೇಸು ಅತ್ತ ಪುಟದಲ್ಲಿ ಹಾಗೇ ಇದೆ. ಅದರ ಹಿಂದಿನ ಪುಟಗಳೆಲ್ಲ ಎಣ್ಣೆ ಬೆರಳಿನ ಕಲೆ, ಮುಂದಿನವು ಬೆಳ್ಳಗೆ ಹೊಸದರಂತಿವೆ. ಮನೆಯಲ್ಲಿ ಯಾರೂ ಇರಲಿಲ್ಲ. ಗೋಡೆಗೆ ಒರಗಿ ಆ ಅಧ್ಯಾಯವನ್ನು ಗಟ್ಟಿಯಾಗಿ ಓದಿದೆ. ನಾರು ಇದ್ದಲ್ಲಿಗೆ ಬಂದಾಗ ನಿಲ್ಲಿಸಿ, ಅವರು ಸಾಕು ಎನ್ನುವುದಕ್ಕೆ ಕಾದೆ.