ಎಡಗಡೆಯ ಬೇವಿನ ಮರ

ಅಣ್ಣ ಬಸ್ ಓಡಿಸುತ್ತಿದ್ದ, ನಾನು ಬಸ್ಸಿನ ಹಣೆಗೆ ಕಟ್ಟುವ ಊರಿನ ಬೋರ್ಡು ಬರೆಯುತ್ತಿದ್ದೆ. ಪಂಚಾಂಗ ನೋಡಿ ಮುಹೂರ್ತ ಹೇಳುವ ಮನೆತನದಲ್ಲಿ ಹುಟ್ಟಿ ಇಬ್ಬರೂ ಹೀಗಾದದ್ದು ನಮ್ಮ ಅಜ್ಜನಿಗೆ ನುಂಗಲಾಗದ ತುತ್ತು. “ಒಬ್ಬಂವ ಗಾಲಿ ಹಿಡದ, ಒಬ್ಬಂವ ಬ್ರಶ್ ಹಿಡದ. ಇನ್ನ ಪಂಚಾಂಗ ಹಿಡಿಯವ್ರು ಯಾರ್ರೋ?” ಎನ್ನುತ್ತಿದ್ದ. ಆದರೆ ಅಣ್ಣ ಬೈಲಹೊಂಗಲದಿಂದ ಸವದತ್ತಿ ಮೇಲೆ ರಾಮದುರ್ಗಕ್ಕೆ ಹೋಗುವ ಬಸ್ಸಿನ ಸ್ಟೀರಿಂಗ್ ಹಿಡಿದ ಮೇಲೆ ಅದೇ ಅಜ್ಜ, ಸವದತ್ತಿಗೆ ಹೋಗುವುದಿದ್ದರೆ ಮೊಮ್ಮಗನ ಬಸ್ಸೇ ಬರಲಿ ಎಂದು ಎರಡು ತಾಸು ಸ್ಟ್ಯಾಂಡಿನಲ್ಲಿ ಕೂತಿರುತ್ತಿದ್ದ. ಬೇರೆ ಬಸ್ಸು ಬಂದರೆ ಮುಖ ತಿರುಗಿಸುತ್ತಿದ್ದ.

ಅಜ್ಜ ಹೋದ, ಬೋರ್ಡು ಬರೆಸುವ ಕಾಲವೂ ಹೋಯಿತು. ಫ್ಲೆಕ್ಸ್ ಬಂದಾಗ ನಾನು ಬ್ರಶ್ಶುಗಳನ್ನು ಸೀಮೆಎಣ್ಣೆಯಲ್ಲಿ ತೊಳೆದಿಟ್ಟು ಕಂಪ್ಯೂಟರ್ ಕಲಿತೆ. ಬೈಲಹೊಂಗಲದ ಪೇಟೆಯಲ್ಲಿ ಒಂದು ಸಣ್ಣ ಅಂಗಡಿ, ಅದರಲ್ಲೊಂದು ದೊಡ್ಡ ಮಾನಿಟರ್, ಹುಟ್ಟುಹಬ್ಬದ ಬ್ಯಾನರುಗಳು. ಹೊಟ್ಟೆಗೆ ಕಡಿಮೆಯಿರಲಿಲ್ಲ. ಕೈಗೆ ಮಾತ್ರ ಏನೋ ಕಡಿಮೆಯಾಗಿತ್ತು.

ಆ ವರ್ಷ ಯುಗಾದಿ ಮುಗಿದ ಮೇಲೆ ಅಣ್ಣ ಮನೆಯ ಮೆಟ್ಟಿಲು ತಪ್ಪಿ ಬಿದ್ದ. ಹುಟ್ಟಿದಾಗಿನಿಂದ ಇಳಿದ ಮೂರೇ ಮೂರು ಮೆಟ್ಟಿಲು. ಎಡಗಾಲಿನ ಪಾದದ ಕೀಲಿನ ಎಲುಬು ಮುರಿದು ಪ್ಲಾಸ್ಟರ್ ಬಿತ್ತು. ಎರಡು ತಿಂಗಳು ರಜೆ. ಅಷ್ಟು ವರ್ಷ ಒಂದೇ ಒಂದು ಅಪಘಾತ ಮಾಡದೆ, ಅದಕ್ಕಾಗಿ ಬೆಳ್ಳಿಯ ಬಿಲ್ಲೆ ಪಡೆದು, ಅದನ್ನು ದಿನಾ ಅಂಗಿಗೆ ಸಿಕ್ಕಿಸಿಕೊಂಡೇ ಹೊರಡುತ್ತಿದ್ದ ಮನುಷ್ಯ ಮನೆಯಲ್ಲಿ ಕೂರಬೇಕಾಯಿತು. ಅವನಿಗಿದ್ದದ್ದು ಒಂದೇ ಧ್ಯಾನ: ಪ್ಲಾಸ್ಟರ್ ಬಿಚ್ಚಿದ ಮರುವಾರವೇ ರಾಮದುರ್ಗದ ಬಸ್ಸು ತನ್ನ ಕೈಗೆ ಮರಳಿ ಬರಬೇಕು. ಬೇರೆ ಯಾರೋ ಅದನ್ನು ಓಡಿಸುತ್ತಿದ್ದಾರೆ ಎಂಬ ಸಂಕಟಕ್ಕೆ ಹೆಂಡತಿಯ ಮೇಲೆ, ಅಂದರೆ ನನ್ನ ವೈನಿಯ ಮೇಲೆ ಸಿಡುಕುತ್ತಿದ್ದ. ವೈನಿ ನನ್ನ ಅಂಗಡಿಗೆ ಬಂದು, “ನಿಮ್ಮ ಅಣ್ಣನ್ನ ದಿನಾ ಒಂದೆರಡು ತಾಸು ಇಲ್ಲೆ ಕರಕೊಂಡು ಕೂಡ್ರಿ. ಇಲ್ಲಂದ್ರ ನಾನs ತವರಮನಿಗೆ ಹೋಗತೀನಿ ನೋಡ್ರಿ” ಅಂದಳು.

ಅಂಗಡಿಯಲ್ಲಿ ಕೂರಿಸಿ ಏನು ಮಾಡಲಿ? ಆಗ ನೆನಪಾದದ್ದು ಮೊಬೈಲಿನಲ್ಲಿ ಮಂದಿ ಆಡುವ ಬಸ್ಸಿನ ಆಟ. ಯಾವುದೋ ದೂರದ ದೇಶದ ಬಸ್ಸು, ಅಲ್ಲಿನದೇ ರಸ್ತೆ. ಅಣ್ಣನ ಕೈಗೆ ಫೋನು ಕೊಟ್ಟರೆ ನಗುತ್ತಾನೆ. ಆದರೆ ಕಂಪ್ಯೂಟರಿನ ಹೊಟ್ಟೆಯೊಳಗೇ ಒಂದು ಸುಳ್ಳು ಮೊಬೈಲನ್ನು ತೆರೆದು ಕೂರಿಸುವ ಸಾಫ್ಟ್‌ವೇರ್ ಇದೆ, ಎಮ್ಯುಲೇಟರ್ ಅನ್ನುತ್ತಾರೆ. ಅದನ್ನು ಹಾಕಿದರೆ ಆಟ ದೊಡ್ಡ ಪರದೆಯಲ್ಲಿ ಕಾಣುತ್ತದೆ, ಕೀಬೋರ್ಡಿನ ಬಾಣದ ಗುಂಡಿಗಳಿಂದ ಗಾಡಿ ತಿರುಗಿಸಬಹುದು. ಮೇಲಾಗಿ ಈ ಆಟ ಮಾಡಿದವರು ಬಸ್ಸಿನ ಬಣ್ಣ, ಹಾರ್ನು, ರಸ್ತೆ ಎಲ್ಲವನ್ನೂ ಆಡುವವರು ಬದಲಿಸಿಕೊಳ್ಳಲಿ ಎಂದು ಬಾಗಿಲು ತೆರೆದೇ ಇಟ್ಟಿದ್ದರು. ತೆರೆದ ಬಾಗಿಲು ಕಂಡರೆ ಇಣುಕದೆ ಇರಲು ನನ್ನಿಂದಾಗದು.

ಮೊದಲು ಬಣ್ಣ. ಬಸ್ಸಿನ ಬಣ್ಣವೆಂದರೆ ಒಂದು ಚಪ್ಪಟೆ ಚಿತ್ರದ ಫೈಲು. ಸಿಪ್ಪೆ ಸುಲಿದು ಹರವಿಟ್ಟ ಮೋಸಂಬಿಯ ಹಾಗೆ ಮುಂಭಾಗ ಒಂದು ಮೂಲೆಯಲ್ಲಿ, ಬಾಗಿಲು ಇನ್ನೊಂದು ಮೂಲೆಯಲ್ಲಿ. ಹೇಗೆ ಕಲಿತೆ ಅಂದರೆ ವಿಡಿಯೋ ನೋಡಿ. ಅದರಲ್ಲಿ ಮಾತಾಡುವವನ ಭಾಷೆ ನನಗೆ ಒಂದಕ್ಷರ ತಿಳಿಯದು, ಅವನ ಮೌಸು ಎಲ್ಲಿ ಹೋಗುತ್ತದೆ ಅಷ್ಟೇ ನೋಡಿದೆ. ಪೇಂಟರುಗಳು ಕಲಿಯುವುದೇ ಹಾಗೆ, ಉಸ್ತಾದನ ಕೈ ನೋಡಿ. ಮೊದಲ ಸಲ ಒಂದು ಬದಿಯ ಅಕ್ಷರಗಳೆಲ್ಲ ಕನ್ನಡಿಯಲ್ಲಿ ಕಂಡಂತೆ ತಿರುಗಿ ಬಂದವು. ಎರಡನೆಯ ಸಲ ರಾಮದುರ್ಗ ತಲೆಕೆಳಗಾಗಿ ಚಕ್ರದ ಹತ್ತಿರ ಹೋಗಿ ಬಿತ್ತು. ಏಳನೆಯ ಸಲಕ್ಕೆ, ಆಹಾ! ಕೆಂಪು ಬಸ್ಸಿನ ಹಣೆಯ ಮೇಲೆ ನನ್ನದೇ ದುಂಡು ಅಕ್ಷರ: ಬೈಲಹೊಂಗಲ–ಸವದತ್ತಿ–ರಾಮದುರ್ಗ. ಹಿಂದಿನ ಬಂಪರಿನ ಗೀರನ್ನೂ ಬಿಡದೆ ಬರೆದೆ. ಕಳಕೊಂಡಿದ್ದ ಬ್ರಶ್ಶು ಸಿಕ್ಕಷ್ಟು ಖುಷಿಯಾಯಿತು.

ಅಣ್ಣ ಕುಂಟುತ್ತ ಬಂದು ಪರದೆ ನೋಡಿದ.

“ಏ ಪೇಂಟರಾ, ಇದು ನನ್ನ ಗಾಡಿ ಅಲ್ಲೇನೋ!”

“ನಿಂದs. ಓಡಸು ನೋಡೋಣ.”

ಐದು ನಿಮಿಷ ಓಡಿಸಿದ, ನಿಲ್ಲಿಸಿದ. “ಗಾಡಿ ನಂದು ಖರೆ. ರಸ್ತಾ ಯಾವ ಊರಿಂದೋ ಮಾರಾಯಾ? ನನ್ನ ರಸ್ತಾ ತಾ.”

ಅಣ್ಣ ಕೇಳಿದ ಮೇಲೆ ಮುಗಿಯಿತು. ಎರಡು ರವಿವಾರ ಸ್ಕೂಟರ್ ತಗೊಂಡು ರಾಮದುರ್ಗದ ಹಾದಿಗೆ ಹೋದೆ. ಪೂರಾ ರಸ್ತೆ ಮಾಡುವುದು ನನ್ನ ಕೈಯಲ್ಲಿ ಆಗುವ ಮಾತಲ್ಲ. ತೊರಗಲ್ಲ ಕ್ರಾಸಿನ ಆಚೆ ಈಚೆ ಒಂದು ಮೈಲಿ ಆರಿಸಿಕೊಂಡೆ. ಪ್ರತಿ ಮರದ ಫೋಟೋ ಹೊಡೆದೆ, ಟಾರಿನ ಅಂಚಿನಿಂದ ಬೊಡ್ಡೆಗೆ ಎಷ್ಟು ಹೆಜ್ಜೆ ಎಂದು ಅಳೆದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡೆ. ಎಡಕ್ಕೆ ದೊಡ್ಡ ಬೇವು, ನಾಲ್ಕು ಹೆಜ್ಜೆ. ಅದರ ಆಚೆ ಶಾಲೆಯ ಗೋಡೆ. ಅದರ ಆಚೆ ಬಸ್ಸಿಗೆ ಕಾಯುವವರ ನೆರಳಿನ ಕಟ್ಟೆ, ಐದು ಹೆಜ್ಜೆ. ದೂರದಲ್ಲಿ ಕೋಟೆಯ ಗೋಡೆ. ಎಮ್ಮೆ ಮೇಯಿಸುತ್ತಿದ್ದ ಅಜ್ಜ ಒಬ್ಬ ನನ್ನ ಹಿಂದೆಯೇ ಬಂದು, “ರಸ್ತಾ ಅಗಲ ಮಾಡ್ತೀರೇನ್ರಿ ಸಾಹೇಬ್ರ?” ಅಂದ. “ಇಲ್ಲೋ ಅಜ್ಜಾ, ಆಟ ಆಡಾಕ” ಅಂದೆ. ಅವನು ನನ್ನನ್ನು ಮೇಲಿಂದ ಕೆಳಗೆ ನೋಡಿ ಎಮ್ಮೆಯ ಕಡೆ ಹೋದ.

ಮರ, ಗೋಡೆ, ಕಟ್ಟೆ, ಕಟ್ಟೆಯ ಮೇಲೆ ನಿಂತ ಏಳೆಂಟು ಮಂದಿ, ಎಲ್ಲವನ್ನೂ ಅಳತೆಯ ಪ್ರಕಾರ ಕೂರಿಸಿ ಆಟದೊಳಗೆ ಹಾಕುವಾಗ ಅಣ್ಣನ ರಜೆಯಲ್ಲಿ ಮೂರೇ ವಾರ ಉಳಿದಿತ್ತು. ಮೊದಲ ದಿನವೇ ಅಣ್ಣ ಬಸ್ಸನ್ನು ನೆಟ್ಟಗೆ ಒಯ್ದು ಬೇವಿನ ಮರಕ್ಕೆ ಗುದ್ದಿದ.

ನಾನು ಬಿದ್ದು ಬಿದ್ದು ನಕ್ಕೆ. ಅಣ್ಣ ನಗಲಿಲ್ಲ.

“ಗಿಡಾ ರಸ್ತಾದಾಗ ತಂದು ನೆಟ್ಟೀಯಲ್ಲೋ ಹುಚ್ಚಪ್ಪಾ. ಅದು ಅಷ್ಟು ಹತ್ರ ಇಲ್ಲ.”

“ಅಳದು ಬಂದೀನಿ ಅಣ್ಣಾ. ನಾಲ್ಕು ಹೆಜ್ಜಿ.”

“ನಿನ್ನ ಹೆಜ್ಜಿ ನೀನs ಇಟ್ಕೋ. ಆ ಗಿಡದ ಬಾಜೂ ದಿನಾ ನಾಲ್ಕು ಸಲ ಹೋಗಾಂವ ನಾನೋ ನೀನೋ?”

“ಕುಣೀಲಾರದಾಕಿ ನೆಲಾ ಡೊಂಕು ಅಂದ್ಲಂತ” ಎಂದು ಗೊಣಗಿದೆ, ಅವನಿಗೆ ಕೇಳಿಸುವಷ್ಟೇ ಸಣ್ಣಗೆ. ಗೊಣಗಿದೆನೇ ಹೊರತು ಮರವನ್ನು ಸರಿಸಿದೆ. ನಮ್ಮ ಮನೆಯಲ್ಲಿ ಅದೊಂದು ಕಟ್ಟಳೆ. ತಿಥಿ ವಾರದ ವಿಷಯದಲ್ಲಿ ಅಜ್ಜ ಹೇಳಿದ್ದಕ್ಕೆ ಯಾರೂ ಎದುರಾಡುತ್ತಿರಲಿಲ್ಲ. ರಸ್ತೆಯ ವಿಷಯದಲ್ಲಿ ಅಣ್ಣ ಹೇಳಿದ್ದಕ್ಕೆ ಯಾರೂ ಎದುರಾಡುವುದಿಲ್ಲ. ನನ್ನ ನೋಟ್‌ಬುಕ್ಕಿನ ಅಳತೆಗಿಂತ ಅವನ ಮಾತು ದೊಡ್ಡದು ಎಂದು ನಾನು ಮನಸಾರೆ ನಂಬಿದ್ದೆ.

ಮರುದಿನ ಶಾಲೆಯ ಗೋಡೆಗೆ ಉಜ್ಜಿದ. ಗೋಡೆ ಹಿಂದಕ್ಕೆ ಹೋಯಿತು. ಅದರ ಮರುದಿನ ಕಟ್ಟೆಯ ಮೇಲೆ ನಿಂತ ಮಂದಿಯ ಮೇಲೆಯೇ ಬಸ್ಸು ಹತ್ತಿತು. ಆಟದಲ್ಲಿ ಯಾರೂ ಸಾಯುವುದಿಲ್ಲ, ಗೊಂಬೆಗಳು ಅತ್ತಿತ್ತ ಜಾರಿ ಮತ್ತೆ ಎದ್ದು ನಿಲ್ಲುತ್ತವೆ. ಆದರೂ ಅಣ್ಣ ಕೀಬೋರ್ಡಿನಿಂದ ಕೈ ತೆಗೆದುಬಿಟ್ಟ.

“ಎಡಕ್ಕ ನೋಡ್ಲಿಕ್ಕೆ ಕಂಡಕ್ಟರ್ ಇರತಾನ. ನಿನ್ನ ಖೊಟ್ಟಿ ಆಟದಾಗ ಕಂಡಕ್ಟರ್ ಎಲ್ಲಿದ್ದಾನ?” ಅಂದ. ಅವನ ದನಿಯಲ್ಲಿ ಸಿಟ್ಟಿಗಿಂತ ಬೇರೇನೋ ಇತ್ತು. ನನಗೆ ಅದು ತಿಳಿಯಲಿಲ್ಲ. ನನ್ನ ತಲೆ ಪೂರಾ ಆಟದೊಳಗೆ ಹೊಕ್ಕಿತ್ತು. ಎಮ್ಯುಲೇಟರಿನಲ್ಲಿ ಪರದೆಯ ಅಗಲ ತಪ್ಪಿದೆಯೇ? ಗುಂಡಿ ಒತ್ತಿದ್ದು ತಡವಾಗಿ ಮುಟ್ಟುತ್ತಿದೆಯೇ? ಎರಡು ಮಧ್ಯಾಹ್ನ ಬ್ಯಾನರ್ ಕೆಲಸ ಬಿಟ್ಟು ಅದನ್ನೇ ಕೆದಕಿದೆ. ಎಲ್ಲಿಯೂ ತಪ್ಪು ಸಿಗಲಿಲ್ಲ. ನಾನೇ ಓಡಿಸಿದರೆ ಮರಕ್ಕೆ ತಾಗುತ್ತಿರಲಿಲ್ಲ. ಆದರೆ ನಾನೆಂಥ ಡ್ರೈವರು! ಕೊನೆಗೆ ಬೇಸತ್ತು ಎಡಗಡೆಯ ಸಾಮಾನನ್ನೆಲ್ಲ ಒಂದೊಂದಾಗಿ ಅಳಿಸಿದೆ. ಮರ ಹೋಯಿತು, ಗೋಡೆ ಹೋಯಿತು, ಕಟ್ಟೆ ಹೋಯಿತು, ಮಂದಿ ಹೋದರು.

ಅವತ್ತು ಅಣ್ಣ ಆ ಒಂದು ಮೈಲಿಯನ್ನು ಬೆಣ್ಣೆಯಲ್ಲಿ ಕೂದಲು ಎಳೆದಂತೆ ಓಡಿಸಿದ. “ಈಗ ಬರೋಬರ ಆತು ನೋಡು!” ಎಂದು ನನ್ನ ಬೆನ್ನು ಚಪ್ಪರಿಸಿದ. ಊಟದ ಡಬ್ಬಿ ತಂದಿದ್ದ ವೈನಿಯನ್ನು ಕರೆದು ಪಕ್ಕದಲ್ಲಿ ಕೂರಿಸಿಕೊಂಡ. “ಸೋಮವಾರ ಪ್ಲಾಸ್ಟರ್ ಬಿಚ್ಚತಾರ, ಮುಂದಿನ ಸೋಮವಾರ ಡ್ಯೂಟಿ. ನೋಡು, ಕೈ ಇನ್ನೂ ಹೆಂಗ ಅದ.”

ವೈನಿಯ ತವರು ರಾಮದುರ್ಗ. ಆ ರಸ್ತೆಯನ್ನು ಅವಳು ಕಿಟಕಿಯಿಂದ ಎಷ್ಟು ಸಲ ನೋಡಿದ್ದಾಳೋ. ಬಸ್ಸು ಕ್ರಾಸ್ ದಾಟಿದ ಮೇಲೆ ಅಂದಳು:

“ಅಯ್ಯ, ಇದೇನ್ರಿ? ಎಡಕ್ಕ ಬಟಾಬಯಲು. ಬೇವಿನ ಗಿಡ ಎಲ್ಲೆ ಹೋತು? ಸಾಲಿ ಎಲ್ಲೆ? ಮಂದಿನs ಇಲ್ಲಲ್ಲಾ?”

“ಅಣ್ಣ ತಗೀ ಅಂದ, ತಗದೆ” ಅಂದೆ ನಾನು.

“ನಾ ಎಲ್ಲಿ ತಗೀ ಅಂದೆ? ಹಿಂದ ಸರಸು ಅಂದೆ. ಅಲ್ಲೇ ಇರಬೇಕಲ್ಲ?” ಅಂದ ಅಣ್ಣ.

ಅವನ ಕಣ್ಣು ಪರದೆಯ ಮೇಲೇ ಇದ್ದವು. ಪರದೆಯ ಎಡ ಅರ್ಧ ಬೋಳಾಗಿತ್ತು. ಅಲ್ಲಿ ಏನೂ ಇಲ್ಲ ಎಂಬುದು ಅವನಿಗೆ ಗೊತ್ತೇ ಆಗಿರಲಿಲ್ಲ.

ವೈನಿ ಮೆಲ್ಲಗೆ, ಯಾರಿಗೂ ಅಲ್ಲದ ಹಾಗೆ ಅಂದಳು: “ತಾಟಿನ್ಯಾಗಿನ ಚಟ್ನಿನೂ ಹಿಂಗs ಬಿಡತಾರ. ಕೋಸಂಬರಿನೂ ಮುಟ್ಟಂಗಿಲ್ಲ. ಆಮ್ಯಾಲೆ, ಇವತ್ತ ಚಟ್ನಿ ಯಾಕ ಬಡಿಸಿಲ್ಲ ಅಂತ ನನಗs ಬೈತಾರ.” ನಮ್ಮ ಮನೆಯಲ್ಲಿ ಉಪ್ಪು, ಚಟ್ನಿ, ಕೋಸಂಬರಿ ಬಡಿಸುವುದು ಎಡಕ್ಕೆ. ಪಲ್ಯ ಬಲಕ್ಕೆ. ಅದನ್ನು ತಪ್ಪಿಸಿದರೆ ಅಜ್ಜ ಎಲೆ ಬಿಟ್ಟು ಏಳುತ್ತಿದ್ದ.

ಆಮೇಲೆ ಅಣ್ಣ ಕೇಳಿದ, “ಮೊದಲಿಂದು ಇಟ್ಟೀಯೇನೋ?”

ಇಟ್ಟಿದ್ದೆ. ಆಟ ಬದಲಿಸುವವರು ಕಲಿಯುವ ಮೊದಲ ಪಾಠವೇ ಅದು, ಮೂಲ ಫೈಲನ್ನು ಬೇರೆ ಫೋಲ್ಡರಿನಲ್ಲಿ ಕಾಪಾಡುವುದು. ನನ್ನ ಹೆಜ್ಜೆಯಿಂದ ಅಳೆದ ಆ ಮೊದಲ ರಸ್ತೆಯನ್ನು ಮರಳಿ ಹಾಕಿದೆ. ಅಣ್ಣ ಬಸ್ಸನ್ನು ನಡೆಯುವ ವೇಗದಲ್ಲಿ ಒಯ್ದ. ಬೇವು ಬರುವ ಜಾಗದಲ್ಲಿ ನಿಲ್ಲಿಸಿ, ಕೊರಳನ್ನೇ ಪೂರಾ ಎಡಕ್ಕೆ ತಿರುಗಿಸಿ ನೋಡಿದ. ನಾಲ್ಕು ಹೆಜ್ಜೆ ದೂರದಲ್ಲಿ ಮರ ನಿಂತಿತ್ತು. ಮುಂದೆ ಹೋದ. ಮತ್ತೆ ಕೊರಳು ತಿರುಗಿಸಿದ. ಗೋಡೆ. ಮತ್ತೆ. ಕಟ್ಟೆಯ ಮೇಲೆ ಏಳೆಂಟು ಮಂದಿ ಬಸ್ಸಿನ ಕಡೆಗೇ ಮುಖ ಮಾಡಿ ನಿಂತಿದ್ದರು.

“ಇಷ್ಟು ದಿನಾ ಇವೆಲ್ಲಾ ಇಲ್ಲೇ ಇದ್ವೇನೋ?”

“ಇಲ್ಲೇ ಇದ್ವು ಅಣ್ಣಾ.”

“ನೀ ಬರೋಬರನs ಅಳದಿದ್ದಿ” ಅಂದ. ಅಣ್ಣ ರಸ್ತೆಯ ವಿಷಯದಲ್ಲಿ ನನ್ನ ಮಾತನ್ನು ಒಪ್ಪಿದ್ದು ಅದೊಂದೇ ಸಲ. ಅದು ನನಗೆ ಬೇಡವಾಗಿತ್ತು. ಡೊಂಕಿಲ್ಲದ ನೆಲವನ್ನು ಅವನ ಸಲುವಾಗಿ ದಿನಾ ತಿದ್ದುತ್ತ ಕೂತಿದ್ದೆನಲ್ಲ ಎಂದು ನಾಚಿಕೆಯಾಯಿತು. ವೈನಿ ಡಬ್ಬಿ ತಂದಿರದಿದ್ದರೆ ಮುಂದಿನ ಸೋಮವಾರ ಅವನು ನಿಜವಾದ ಬಸ್ಸು ತಗೊಂಡು ನಿಜವಾದ ಕಟ್ಟೆಯ ಹತ್ತಿರ ಹೋಗಿರುತ್ತಿದ್ದ.

ಕಣ್ಣಿನ ಡಾಕ್ಟರು ನೋಡಿ, ಕಣ್ಣೆರಡೂ ಚೆನ್ನಾಗಿವೆ, ತಲೆಯ ಸ್ಕ್ಯಾನ್ ಮಾಡಿಸಿ ಎಂದರು. ತಲೆಯ ಹಿಂಭಾಗದಲ್ಲಿ ಸಣ್ಣದೊಂದು ರಕ್ತನಾಳ ಮುಚ್ಚಿತ್ತು. ಕಣ್ಣು ಕಾಣುತ್ತವೆ, ಎಡಭಾಗವನ್ನು ತಿಳಿದುಕೊಳ್ಳುವ ಮಿದುಳಿನ ತುಣುಕು ಕೆಲಸ ಬಿಟ್ಟಿದೆ, ರೋಗಿಗೆ ತನಗೇ ಗೊತ್ತಾಗದೆ ಇರಬಹುದು ಎಂದರು. ಮೆಟ್ಟಿಲು ಇಳಿಯುವ ದಿನ ತಲೆ ನೋಯುತ್ತಿತ್ತೇ ಎಂದು ಕೇಳಿದಾಗ ಅಣ್ಣ ಹೌದೆಂದು ತಲೆಯಾಡಿಸಿದ. ಅವನು ಬಿದ್ದು ಪೆಟ್ಟು ಮಾಡಿಕೊಂಡಿದ್ದ ಎಂದು ನಾವೆಲ್ಲ ತಿಳಿದಿದ್ದೆವು. ಪೆಟ್ಟು ಮೊದಲೇ ಆಗಿತ್ತು.

ಡ್ಯೂಟಿಗೆ ಮರಳಬೇಕಾಗಿದ್ದ ಸೋಮವಾರ ಅಣ್ಣನೇ ಡಿಪೋಕ್ಕೆ ಹೋದ, ನಾನು ಜೊತೆಗಿದ್ದೆ. ಡಾಕ್ಟರರ ಕಾಗದ ಮೇಜಿನ ಮೇಲಿಟ್ಟು, ಸ್ಟೀರಿಂಗ್ ಬೇಡ, ಬೇರೆ ಏನಾದರೂ ಕೆಲಸ ಕೊಡಿ ಎಂದ. ಅಧಿಕಾರಿ ಒಳ್ಳೆಯವರು. “ಇಷ್ಟು ಅವಸರ ಯಾಕ್ರಿ? ಇನ್ನೊಂದೆರಡು ತಿಂಗಳು ರಜಾ ಹಾಕ್ರಿ, ಕಡಿಮಿ ಆದೀತು” ಎಂದರು.

“ಬ್ಯಾಡ್ರಿ ಸಾಹೇಬ್ರ. ಮಂದಿ ನಿಲ್ಲೋದು ಎಡಕ್ಕs” ಅಂದ ಅಣ್ಣ. ಹೊರಗೆ ಬಂದು ಅಂಗಿಯ ಬಿಲ್ಲೆಯನ್ನು ಬಿಚ್ಚಿ ಕಿಸೆಯಲ್ಲಿ ಹಾಕಿಕೊಂಡ. ಅವತ್ತು ಅವನು ಅತ್ತ. ಸ್ಟ್ಯಾಂಡಿನಲ್ಲಿ, ಎಲ್ಲರ ಎದುರು, ಕುಂಟುವ ಕಾಲಿನ ಮೇಲೆ ನಿಂತು ಅತ್ತ. ನಾನೂ ಅತ್ತೆ.

ಈಗ ಸ್ಟ್ಯಾಂಡಿನ ವಿಚಾರಣೆ ಕಿಟಕಿಯಲ್ಲಿ ಕೂತು ಬಸ್ಸು ಕೂಗುತ್ತಾನೆ. ರವಿವಾರ ಅಂಗಡಿಗೆ ಬಂದು ಆ ಮೊದಲ ರಸ್ತೆಯ ಮೇಲೆ ಬಸ್ಸು ಓಡಿಸುತ್ತಾನೆ, ಹೆಜ್ಜೆಗೊಮ್ಮೆ ಕೊರಳು ತಿರುಗಿಸುತ್ತ. ಮೂರರಲ್ಲಿ ಒಂದು ಸಲ ಬೇವಿಗೆ ತಾಗುತ್ತದೆ. ನಾನು ಏನನ್ನೂ ಸರಿಸುವುದಿಲ್ಲ.

ಮೊನ್ನೆ ಅಮಾವಾಸ್ಯೆಗೆ ಅವರ ಮನೆಯಲ್ಲಿ ಊಟಕ್ಕೆ ಕೂತಿದ್ದೆವು. ವೈನಿ ಅಣ್ಣನ ಎಲೆಗೆ ಮಾತ್ರ, ಅಜ್ಜನ ಫೋಟೋದ ಕಡೆ ಒಮ್ಮೆ ನೋಡಿ, ಗುರೆಳ್ಳು ಚಟ್ನಿಯನ್ನು ಬಲಕ್ಕೆ ಬಡಿಸಿದಳು. ಅಣ್ಣ ಅದನ್ನು ಬೆರಳಿನಿಂದ ಬಳಿದು ಎಲೆಯ ಎಡಗಡೆ ಇಟ್ಟ.

“ಅದರ ಜಾಗಾದಾಗ ಅದು ಇರಲಿ” ಅಂದ. “ನಾನs ಕೊರಳು ಹೊಳ್ಳಿಸಿ ನೋಡತೀನಿ.”